ಬೀರಾನ ತಲೆಯೊಳಗಿನ ಕೊಲೆ

2006ರ ನವೆಂಬರ್ 14, ಮಂಗಳವಾರ ಬೆಳಿಗ್ಗೆ. ಕಾಮಿ ಮೀನಿನ ಬುಟ್ಟಿಯನ್ನು ಅಂಕೋಲಾ ಠಾಣೆಯ ಮೆಟ್ಟಿಲ ಮೇಲಿಟ್ಟು, ಇನ್‌ಸ್ಪೆಕ್ಟರ್ ಮಾಬ್ಲೇಶ್ವರ ನಾಯಕರ ಮೇಜಿನೆದುರು ಬಂದು ನಿಂತಳು.

"ದೂರು ಬರ್ಕಳ್ಳಿ ಸಾಯ್ಬ್ರೆ."

"ಯಾರ ಮೇಲೆ?"

"ಯಾರೋ ಗೊತ್ತಿಲ್ಲ. ನನ್ನ ಗಂಡನ ತಲೆಯೊಳಗೆ ಒಂದು ಕೊಲೆ ಇಟ್ಟು ಹೋಗಿದ್ದಾರೆ."

ಪೇದೆ ತಿಮ್ಮು ನಕ್ಕ. "ತಲೆ ಅಂದ್ರೆ ನಿನ್ನ ಬುಟ್ಟಿಯೇನೇ, ಇಟ್ಟು ಹೋಗೂಕೆ?"

"ನಗು ತಮಾ, ನಗು. ನಾಳೆ ನಿನ್ನ ತಲೇಲೂ ಇಡ್ತಾರೆ. ಜಾಗ ಬೇಕಾದಷ್ಟು ಖಾಲಿ ಇದೆ."

ಕಾಮಿಯ ಗಂಡ ಬೀರಾ ಒಳಗೆ ಲಾಕಪ್ಪಿನಲ್ಲಿದ್ದ. ಅವನನ್ನು ಯಾರೂ ಹಿಡಿದು ತಂದಿರಲಿಲ್ಲ. ಭಾನುವಾರ ತಾನೇ ನಡೆದು ಬಂದು, ಶುಕ್ರವಾರ ಸಂಜೆ ಮಂಗೇಶನನ್ನು ದೋಣಿಯಲ್ಲಿ ಹುಟ್ಟಿನಿಂದ ಹೊಡೆದು ಗಂಗಾವಳಿಯ ಅಳಿವೆಗೆ ತಳ್ಳಿದೆ ಎಂದಿದ್ದ. ಹೇಳಿದ ಜಾಗದಲ್ಲೇ ಹೆಣ ಸಿಕ್ಕಿತ್ತು. ಎಫ್‌ಐಆರ್ ಆಗಿ, ನ್ಯಾಯಾಲಯ ಅವನನ್ನು ಪೊಲೀಸ್ ಕಸ್ಟಡಿಗೆ ಕೊಟ್ಟಿತ್ತು. ಮಂಗೇಶ, ಬಂದರು ಕಂಪನಿ ಮಂಜಗುಣಿಯ ದಂಡೆಗೆ ಬೇಲಿ ಹಾಕಲು ಬಂದಾಗ ಮೀನುಗಾರರನ್ನು ಒಟ್ಟುಗೂಡಿಸಿದವನು. ಬೀರಾನ ಜೊತೆಗಾರ, ಅದೇ ದೋಣಿಯ ಪಾಲುದಾರ.

"ಶುಕ್ರವಾರ ಸಂಜೆ ಅಂವ ನನ್ನೆದುರು ಕೂತು ಬಲೆ ಹೊಲೀತಿದ್ದ," ಎಂದಳು ಕಾಮಿ.

"ಹೆಂಡತಿಯ ಮಾತನ್ನು ಕೋರ್ಟು ಕೇಳೂದಿಲ್ಲ."

"ಗಂಡನ ಮಾತು ಕೇಳ್ತದಲ್ಲ! ನಾಡಿದ್ದು ಜಡ್ಜನೆದುರು ಒಪ್ಕೊಳ್ತಾನಂತೆ. ಒಪ್ಕೊಂಡ್ರೆ ಮತ್ತೆ ಹೊರಗೆ ಬರ್ತಾನಾ?"

ನಾಯಕರು ಲಾಕಪ್ಪಿನ ಸರಳುಗಳ ಮುಂದೆ ಕುರ್ಚಿ ಹಾಕಿಸಿಕೊಂಡರು.

"ಯಾಕೆ ಹೊಡೆದೆ?"

"ಹೆದರಿಕೆಗೆ. ಅಂವ ಬಾಯಿ ಬಿಟ್ರೆ ನೌಕರಿ ಹೋಗ್ತಿತ್ತು."

"ಯಾರ ನೌಕರಿ?"

"ನನ್ನದು."

"ನಿನಗ್ಯಾವ ನೌಕರಿ ಮಾರಾಯಾ?"

ಬೀರಾ ತನ್ನ ಅಂಗೈಯ ಹಗ್ಗದ ಗೆರೆಗಳನ್ನು ನೋಡಿಕೊಂಡ. "ಹೌದಲ್ಲ," ಎಂದ. "ಆದ್ರೆ ಹೊಡೆದದ್ದು ನಾನೇ. ಹುಟ್ಟಿನ ಅದುರು ಈಗ್ಲೂ ಕೈಯಲ್ಲಿದೆ."

ಮರುದಿನ ಪಂಚರ ಸಮ್ಮುಖದಲ್ಲಿ ಸ್ಥಳ ಪಂಚನಾಮೆ. ದೋಣಿ ಮಂಜಗುಣಿಯ ನೀರಂಚಿನಲ್ಲಿ ತಾಡಪಾಲಿನ ಕೆಳಗಿತ್ತು. "ಹೊಡೆದದ್ದು ಹೇಗೆ, ತೋರಿಸು," ಎಂದರು ನಾಯಕರು. ಬೀರಾ ಮುಂದೆ ಬಂದ. ಕೈಯಲ್ಲಿ ಬೇಡಿ. ದೋಣಿಯ ಹತ್ತಿರ ನಿಂತು, ರಬ್ಬರ್ ಚಪ್ಪಲಿಗಳನ್ನು ಮರಳಿನಲ್ಲಿ ಬಿಟ್ಟು, ಅಂಚನ್ನು ಮುಟ್ಟಿ ಹಣೆಗೆ ಒತ್ತಿಕೊಂಡು ಹತ್ತಿದ. ಮಂಜಗುಣಿಯಲ್ಲಿ ಕೂಸುಗಳೂ ಹಾಗೇ ಹತ್ತುತ್ತವೆ; ದೋಣಿಗೆ ಚಪ್ಪಲಿ ತಾಗಿಸುವುದೆಂದರೆ ತಾಯಿಯನ್ನು ಒದ್ದ ಹಾಗೆ.

"ಶುಕ್ರವಾರವೂ ಹೀಗೇ ಬಿಟ್ಟು ಹತ್ತಿದ್ದೆಯಾ?"

"ಇಲ್ಲ. ಚಪ್ಪಲಿ ಕಾಲಲ್ಲೇ ಇತ್ತು. ಹೊಡೆಯೋವಾಗ ಬಲಗಾಲಿಂದು ಹರಿದು..." ಬೀರಾ ಮಾತು ನಿಲ್ಲಿಸಿದ. ಮರಳಿನಲ್ಲಿದ್ದ ತನ್ನ ಚಪ್ಪಲಿಗಳನ್ನೇ ದಿಟ್ಟಿಸಿದ. "ನಾ ಯಂತಕೆ ಚಪ್ಪಲಿ ಹಾಕಂಡು ಹತ್ತಿದೆ?"

ತಲೆ ಒಂದು ಹೇಳುತ್ತಿತ್ತು, ಕಾಲು ಇನ್ನೊಂದು.

ತಿಮ್ಮು ಬಲೆಯ ರಾಶಿ ಎತ್ತಿದ. ಹಲಗೆಯ ಸಂದಿನಲ್ಲಿ ಬಲಗಾಲಿನ ಕಂದು ಚರ್ಮದ ಚಪ್ಪಲಿಯೊಂದಿತ್ತು, ಬಾರು ಹರಿದದ್ದು. ಬೀರಾನ ಅಗಲ ಬೆರಳುಗಳು ಅದರೊಳಗೆ ಹೋಗಲಿಲ್ಲ.

ದಂಡೆಯಲ್ಲಿ ನಿಂತಿದ್ದ ಕಾಮಿ ಕೂಗಿದಳು: "ಅದು ಸಾಂತ್ವನ ಕೇಂದ್ರದ್ದು! ಅಲ್ಲಿನ ನೌಕರರು ಹಾಕೂದು!"

ಶಿರವಾಡದ ಸಾಂತ್ವನ ಕೇಂದ್ರವನ್ನು ತೆರೆದದ್ದು ಬಂದರು ಕಂಪನಿ. ದಂಡೆ ಬಿಡಬೇಕಾದವರ ದುಃಖ ಮರೆಸುವುದಕ್ಕೆ ಎಂದು ಬೋರ್ಡು. ವಾರಕ್ಕೊಮ್ಮೆ ಹೋಗಿ ಅಲ್ಲಿನ ನೆನಪಿನ ಯಂತ್ರದ ಗಂಗಾಳದಂಥ ಟೊಪ್ಪಿಗೆಗೆ ತಲೆ ಕೊಡಬೇಕು, ಕೊಡದವರಿಗೆ ಬದಲಿ ನಿವೇಶನವಿಲ್ಲ. ಮೊದಲು ಮನೆ ಕಸಿದರು, ಆಮೇಲೆ ಮನೆ ಕಸಿದದ್ದರ ನೆನಪನ್ನೂ.

ಗುರುವಾರ ಬೀರಾನನ್ನು ಜಡ್ಜನೆದುರು ಒಯ್ಯುವುದನ್ನು ಮುಂದೂಡಿ ನಾಯಕರು ಅಲ್ಲಿಗೆ ಹೋದರು. ಯಂತ್ರದ ಕೋಣೆಯ ಹೊರಗೆ ನೌಕರರ ಕಂದು ಚಪ್ಪಲಿಗಳ ಸಾಲು. ಒಂದು ಮಾತ್ರ ಒಂಟಿ, ಎಡಗಾಲಿನದು.

"ಯಾರದ್ದು?"

"ನನ್ನದೇ," ಎಂದ ಯಂತ್ರ ನಡೆಸುವ ಗುರುಪ್ರಸಾದ. ಭಾವಿಕೇರಿಯವನು. ಮುಖದಲ್ಲಿ ಅಳುಕಿರಲಿಲ್ಲ.

"ಜೋಡಿ?"

"ಗೊತ್ತಿಲ್ಲ ಸರ್. ನಾಯಿ ಒಯ್ದಿರಬೇಕು."

"ಶುಕ್ರವಾರ ಸಂಜೆ ಎಲ್ಲಿದ್ರಿ?"

ಗುರುಪ್ರಸಾದ ಬೆರಳು ಮಡಿಚಿ ದಿನ ಎಣಿಸಿದ. "ಶುಕ್ರವಾರದ್ದು ನೆನಪೇ ಇಲ್ಲ ಸರ್."

"ಶನಿವಾರ?"

"ಇಲ್ಲೇ, ಡ್ಯೂಟಿ. ಬೀರಾನ ಪಾಳಿ ಇತ್ತು."

ನರ್ಸ್ ನಾಗಶ್ರೀಯನ್ನು ಬೇರೆ ಕೋಣೆಗೆ ಕರೆಸಿದರು.

"ಈ ಯಂತ್ರ ಮಾಡುವುದೇನು?"

"ಒಬ್ಬರ ನೆನಪು ತೆಗೆದು ಇನ್ನೊಬ್ಬರಿಗೆ ಹಾಕ್ತದೆ ಸರ್. ಹೊಸತು ಹುಟ್ಟಿಸೂಕೆ ಬರೂದಿಲ್ಲ."

"ಈ ಜನರಿಗೆ ಹಾಕಿದ್ದು?"

"ಕಂಪನಿಯ ಒಬ್ಬ ಸಾಹೇಬ್ರದ್ದು. ಒಪ್ಪಂದಕ್ಕೆ ಖುಷಿಯಿಂದ ಸಹಿ ಹಾಕಿ ಪೇಡೆ ತಿಂದದ್ದು. ಅದೇ ಎಲ್ಲರಿಗೂ."

"ಶನಿವಾರ ಬೀರಾನಿಗೆ?"

ನಾಗಶ್ರೀ ಸೆರಗು ಹಿಂಡಿದಳು. "ಅವತ್ತು ಕೊಡುವವರ ಕುರ್ಚಿಯಲ್ಲಿ ಗುರು ಸರ್ ಅವರೇ ಕೂತಿದ್ರು. ಪೂರ್ತಿ ತೆಗಿ, ಚೂರೂ ಉಳಿಸಬೇಡ ಅಂದ್ರು. ಯಂತ್ರದ ಪರೀಕ್ಷೆ ಮಾಡ್ತಾರೆ ಅಂದ್ಕೊಂಡು ನಾ ಗುಂಡಿ ಒತ್ತಿದೆ. ಬೀರಾನಿಗೆ ಹೋದದ್ದು ಅದೇ."

ಹುಟ್ಟಿನ ಮೇಲಿನ ಬೆರಳಚ್ಚು ಗುರುಪ್ರಸಾದನದೆಂದು ವರದಿ ಬಂತು. ನವೆಂಬರ್ 20ರಂದು ಅವನನ್ನು ಬಂಧಿಸಲಾಯಿತು. "ನಾನು ಯಾರನ್ನೂ ಕೊಂದಿಲ್ಲ," ಎಂದು ಗೋಡೆಗೆ ತಲೆ ಚಚ್ಚಿಕೊಂಡ. ಅವನು ಸುಳ್ಳು ಹೇಳುತ್ತಿರಲಿಲ್ಲ. ಕೊಲೆಗೆ ಕಾರಣವೇನೆಂದು ಅವನನ್ನು ಕೇಳಿ ಪ್ರಯೋಜನವಿರಲಿಲ್ಲ, ಕೇಳಬೇಕಾದದ್ದು ಬೀರಾನನ್ನು.

ಬೀರಾ ನಿಧಾನವಾಗಿ ಹೇಳಿದ, ತಿಮ್ಮು ಬರೆದುಕೊಂಡ. "ಊರೆಲ್ಲ ಒಂದೇ ಪೇಡೆ ತಿಂದದ್ದು ಹ್ಯಾಂಗೆ ಹೇಳಿ ಮಂಗೇಶ ಕೇಳ್ದ. ಯಾರ ಕಿವಿಗೂ ಬೀಳಬಾರ್ದು ಅಂತ ದೋಣಿಗೆ ಕರೆದಿದ್ದ. 'ನಿನ್ನ ಗದ್ದೆಯೂ ಬಂದರಿನ ರಸ್ತೆಗೆ ಹೋಯ್ತಲ್ಲ ಗುರು, ನೀನೂ ನಮ್ಮವನೇ, ಕಾರವಾರದ ಕೋರ್ಟಲ್ಲಿ ಸಾಕ್ಷಿ ಹೇಳು' ಅಂದ. ಗದ್ದೆಯ ಬದಲು ಮನೆಗೊಂದು ನೌಕರಿ ಸಾಯ್ಬ್ರೆ. ಅದೂ ಹೋದ್ರೆ ಮನೇಲಿ ಎಂತ ತಿನ್ನೂದು? ನಮ್ಮವನು ಅಂದದ್ದು ಕೇಳಿ ನಂಗೆ ತಡಕೊಳ್ಳೂಕೆ ಆಗ್ಲಿಲ್ಲ."

ಗದ್ದೆ ಕಳೆದುಕೊಂಡವನು ದಂಡೆ ಕಳೆದುಕೊಂಡವನನ್ನು ಕೊಂದಿದ್ದ. ಅಪರಾಧ ಇನ್ನೊಬ್ಬನ ತಲೆಗೆ ಬಂದಿತ್ತು. ಆರೋಪಪಟ್ಟಿಯಲ್ಲಿ ಕಂಪನಿಯ ಹೆಸರಿರಲಿಲ್ಲ. ನೆನಪು ಕದಿಯುವುದಕ್ಕೆ ದಂಡಸಂಹಿತೆಯಲ್ಲಿ ಕಲಮು ಇರಲಿಲ್ಲ.

ಬಿಡುಗಡೆಯ ಆದೇಶ ಬಂದ ದಿನ ತಿಮ್ಮು ಲಾಕಪ್ಪಿನ ಬಾಗಿಲು ತೆರೆದ. "ನಡಿಯೋ ಬೀರಾ, ನಿನ್ನ ಕೇಸು ಮುಗೀತು."

ಬೀರಾ ಏಳಲಿಲ್ಲ. "ಮಂಗೇಶ ನೀರಿಗೆ ಬೀಳೋವಾಗ ನನ್ನನ್ನೇ ನೋಡ್ದ," ಎಂದ. "ನಾ ಹ್ಯಾಂಗೆ ಮನೆಗೆ ಹೋಗೂದು?"

"ತೆಗೆದುಬಿಡಿ ಸಾಯ್ಬ್ರೆ ಅದನ್ನ," ಎಂದಳು ಕಾಮಿ.

"ಯಂತ್ರಕ್ಕೆ ಸೀಲು ಹಾಕಿದೆ. ಇನ್ನು ಕೇಸು ಮುಗಿಯುವ ತನಕ ಅದು ಸಾಕ್ಷ್ಯ," ಎಂದರು ನಾಯಕರು.

ಕಾಮಿ ಗಂಡನ ರಬ್ಬರ್ ಚಪ್ಪಲಿಗಳನ್ನು ತೆರೆದ ಬಾಗಿಲಿನ ಹೊರಗೆ ಜೋಡಿಸಿಟ್ಟು, ಅವುಗಳ ಪಕ್ಕ ಕುಳಿತಳು.