ಬದುಕಿದ್ದವಳ ಪಟಕ್ಕೆ ಹಾರ

"ಹ್ವಾಯ್, ಬದ್ಕಿಪ್ಪರ ಪಟಕ್ಕೆ ಹಾರ ಹಾಕೂಕಾಗ," ಎಂದ ಚಂದಯ್ಯ.

ವಂಡ್ಸೆ ಕಡೆಯ ಚಂದಯ್ಯ ಬೆಂಗಳೂರಿನ ಆ ಟಿವಿ ಸ್ಟುಡಿಯೋದಲ್ಲಿ ಸೆಟ್ಟಿನ ಸಾಮಾನು ಹೊಂದಿಸುವವನು. ಅವನ ಕೈಯಲ್ಲಿ ಸೇವಂತಿಗೆ ಹಾರವಿತ್ತು, ಎದುರಿಗೆ ಡ್ಯಾನ್ಸರ್ ಚೇತನಾಳ ಅಜ್ಜಿ ಅಮ್ಮಣ್ಣಿಯ ದೊಡ್ಡ ಪಟ. ಆ ಅಮ್ಮಣ್ಣಿ ಬಸ್ರೂರಿನಲ್ಲಿ ಗಟ್ಟಿಮುಟ್ಟಾಗಿ ಓಡಾಡಿಕೊಂಡಿದ್ದಾಳೆಂಬುದು ಇಡೀ ಸ್ಟುಡಿಯೋದಲ್ಲಿ ಚೇತನಾಳನ್ನು ಬಿಟ್ಟರೆ ಅವನೊಬ್ಬನಿಗೇ ಗೊತ್ತಿತ್ತು.

"ಹಾರ ಹಾಕಿ, ಹೆಸ್ರ್ ಹೇಳಿ ದೀಪ ಹಚ್ಚುದ್... ಮಾಟ ಮಾಡೋರೂ ಇದನ್ನೇ ಮಾಡುದ್ ಮಾರಾಯ್ತಿ. ಹಚ್ಚಿದ್ ಕೈಯೇ ಆರ್ಸ್ಕ್. ಬೇರೆಯೋರ್ ಆರ್ಸಿರೆ ಅದ್ ಆರುದಿಲ್ಲ."

ಚೇತನಾ ನಕ್ಕಳು. ಊರಿನವನೊಡನೆಯೂ ಅವಳು ಬೆಂಗಳೂರಿನ ಕನ್ನಡವನ್ನೇ ಆಡುತ್ತಿದ್ದಳು. "ಸತ್ತರು ಅಂತ ಸುಳ್ಳು ಸುದ್ದಿ ಹಬ್ಬಿದ್ರೆ ಆಯುಷ್ಯ ಜಾಸ್ತಿ ಆಗುತ್ತಂತಲ್ಲ? ಅಜ್ಜಿಗೆ ಲಾಭನೇ ಬಿಡಿ."

ಆರು ವರ್ಷ ಆ ಹಾಡಿನ ಶೋದಲ್ಲಿ ಗಾಯಕರ ಬೆನ್ನ ಹಿಂದೆ ಕುಣಿದವಳು ಅವಳು. ಹಿಂದಿನ ಸಾಲು, ಎಡದಿಂದ ಮೂರನೆಯವಳು. ಹೆಸರಿಲ್ಲ, ಮೈಕಿಲ್ಲ, ಕ್ಯಾಮೆರಾ ಇತ್ತ ತಿರುಗಿದರೂ ಅರೆಕ್ಷಣ. ಈ ವಾರ ಒಬ್ಬ ಡ್ಯಾನ್ಸರಿಗೆ ಮುಂದೆ ಮೂರು ನಿಮಿಷ ಕೊಡುತ್ತೇವೆ, ಆದರೆ ಕಣ್ಣೀರು ತರಿಸುವ ಕತೆ ಬೇಕು ಎಂದರು ನಿರ್ದೇಶಕರು. ಚೇತನಾಳಿಗೆ ಕತೆಯಿರಲಿಲ್ಲ. ಗೆರಸಿ ಬಡಿದು ತಾಳ ಹಾಕಿ ಅವಳನ್ನು ಕುಣಿಸಿ ಬೆಳೆಸಿದ ಅಜ್ಜಿ ಮಾತ್ರ ಇದ್ದಳು. ಅವಳನ್ನೇ ಕೊಂದುಬಿಟ್ಟಳು. ನಾಚಿಕೆಯಾಗಲಿಲ್ಲವೇ? ಆಗ ಆಗಲಿಲ್ಲ.

ಹೆಸರು ಹೇಳಿ ಎಳ್ಳೆಣ್ಣೆಯ ದೀಪ ಹಚ್ಚಿದಳು, ಅತ್ತಳು, ಕುಣಿದಳು. ಶನಿವಾರ ಅದನ್ನು ಲಕ್ಷಾಂತರ ಜನ ನೋಡಿ ಛೇ ಪಾಪ ಎಂದರು. ಆ ದೀಪ ಆರಿತೋ ಇಲ್ಲವೋ ಎಂದು ಅವಳು ತಿರುಗಿಯೂ ನೋಡಿರಲಿಲ್ಲ.

ಮಂಗಳವಾರ ಅಜ್ಜಿಯ ಪಕ್ಕದ ಮನೆಯ ಜಲಜ ಫೋನು ಮಾಡಿದಳು. "ಅಜ್ಜಿ ಮೂರ್ ದಿನದಿಂದ ಉಣ್ಲಿಲ್ಲ. ಕೆಲವ್ ಸಲ ಎದ್ರಿಗ್ ಇದ್ರೂ ಕಾಣ್ತಿಲ್ಲೆ ಚೇತನಾ, ನಂಗ್ ಹೆದ್ರಿಕೆ ಆತ್. ಬೇಗ ಬಾ."

ಮರುದಿನ ಮಧ್ಯಾಹ್ನ ಚೇತನಾ ಬಸ್ರೂರಿನಲ್ಲಿ ಬಸ್ಸಿಳಿದಳು. ಮನೆಯ ಬೇಲಿಯ ದಣಪೆ ದಾಟುವಾಗಲೇ ಸೇವಂತಿಗೆಯ ವಾಸನೆ, ಬಾಡಿದ, ಕೊಳೆಯತೊಡಗಿದ ಸೇವಂತಿಗೆ. ಅವರ ಅಂಗಳದಲ್ಲಿ ಆ ಗಿಡವೇ ಇರಲಿಲ್ಲ. ಹಂಚಿನ ಮೇಲೆ ಕಾಗೆಗಳು ಸಾಲಾಗಿ ಕೂತಿದ್ದವು, ಒಂದೂ ಕೂಗುತ್ತಿರಲಿಲ್ಲ.

ಅಮ್ಮಣ್ಣಿ ಜಗಲಿಯಲ್ಲಿ ಕೂತಿದ್ದಳು. ಮುಂದೆ ಗಂಜಿಯ ಬಟ್ಟಲು, ಅದರ ಮೇಲೆ ಕೆನೆ ಕಟ್ಟಿತ್ತು. ಒಂದು ಕಾಗೆ ಇಳಿದು ಬಂದು, ಅವಳ ಕಾಲ ಬುಡದಲ್ಲೇ ನಿಂತು, ಬಟ್ಟಲಿನ ಅಗುಳು ಹೆಕ್ಕಿತು. ಪಿಂಡದ ಅನ್ನವನ್ನು ಹೆಕ್ಕುವಂತೆ. ಅಮ್ಮಣ್ಣಿ ಅದನ್ನು ಅಟ್ಟಲಿಲ್ಲ.

"ಬಂದ್ಯಾ ಮಗಾ? ನಂಗೆ ಹಶು ಆಪ್ದಿಲ್ಲ. ಕೈ ಅಡ್ಡ ಹಿಡ್ದ್ರೂ ಬಸ್ಸ್ ನಿಲ್ಸುದಿಲ್ಲ. ಜಲಜನ ಮನ್ಯಂಗೆ ಟಿವಿ ಕಾಂಬುಕ್ ಹೋದ್ರೆ, ಜನ ನನ್ನ್ ಮೇಲೇ ಕೂತ್ಕಂಬುಕ್ ಬತ್ರ್."

ಟಿವಿ. ಚೇತನಾ ಅಜ್ಜಿಯ ಮುಂದೆ ಕುಕ್ಕರಿಸಿದಳು. "ಶನಿವಾರ... ನೋಡಿದ್ಯಾ ಅಜ್ಜಿ?"

"ಕಂಡೆ. ನೀ ಮುಂದ್ ಬಂದ್ ಕುಣ್ದದ್ ಕಂಡೆ." ಅಮ್ಮಣ್ಣಿ ಅಷ್ಟೇ ಹೇಳಿದಳು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ನೆಲ ಬಾಯಿಬಿಟ್ಟು ತನ್ನನ್ನು ನುಂಗಬಾರದೇ ಎನ್ನಿಸಿತು ಚೇತನಾಳಿಗೆ.

ಅಷ್ಟರಲ್ಲಿ ಜಲಜನ ಮನೆಯಿಂದ ಒಂದು ಅಳು ಕೇಳಿತು. ಚೇತನಾಳದೇ ದನಿ. "ನನ್ನಜ್ಜಿ ಅಮ್ಮಣ್ಣಿ ಈಗಿಲ್ಲ..." ಶನಿವಾರದ ಕಂತಿನ ಮರುಪ್ರಸಾರ. ಅಮ್ಮಣ್ಣಿಯ ಕತ್ತು ವಾಲಿತು. ಎಳ್ಳೆಣ್ಣೆ ಸುಟ್ಟ ಕಮಟು ಜಗಲಿ ತುಂಬಿತು. ನೋಡುತ್ತಿದ್ದಂತೆ ಅಜ್ಜಿಯ ಸೀರೆಯ ಆಚೆಗೆ ಗೋಡೆ ಕಾಣತೊಡಗಿತು.

ಚೇತನಾ ಚಂದಯ್ಯನಿಗೆ ಫೋನು ಹಚ್ಚಿದಳು. "ದೀಪ ಆರ್ಸಿ! ಈಗ್ಲೇ ಆರ್ಸಿ!"

"ನಾಕ್ ಸಲ ಆರ್ಸ್ದೆ," ಎಂದ ಚಂದಯ್ಯ, ಪಿಸುಗುಟ್ಟುವಂತೆ. "ತಿರ್ಗಿ ಕಾಂಬುದ್ರೊಳ್ಗೆ ಉರೀತಿತ್ತ್. ನಿನ್ ಕೈಯೇ ಆರ್ಸ್ಕ್, ಹೆಣ್ಣೆ."

ಅವಳು ಜಲಜನ ಮನೆಗೆ ಓಡಿದಳು. ಪರದೆಯ ತುಂಬ ಪಟ. ಆಗ ಕಂಡಳು. ಅಮ್ಮಣ್ಣಿಯ ಹೆಗಲ ಮೇಲೆ ಒಂದು ಪುಟ್ಟ ಕೈ. ಈ ಪಟಕ್ಕಾಗಿ ಅಜ್ಜಿ ಮೊಮ್ಮಗಳು ಜೊತೆಗಿದ್ದ ಹಳೆಯ ಫೋಟೋದಿಂದ ಚೇತನಾ ತನ್ನನ್ನು ಕತ್ತರಿಸಿ ತೆಗೆದಿದ್ದಳು. ತನ್ನ ಬಲಗೈ ಮಾತ್ರ ಉಳಿದಿತ್ತು. ಹಾರ ಅದರ ಮೇಲೂ ಬಿದ್ದಿತ್ತು.

"ಸುಳ್ಳ್ ಜಲಜಕ್ಕ! ಅಜ್ಜಿ ಸಾಯ್ಲಿಲ್ಲ! ಟಿವಿಯಂಗ್ ಬಪ್ಪುಕೆ ನಾನೇ ಸಾಯ್ಸಿದ್ದ್!" ಎಷ್ಟೋ ವರ್ಷದ ಮೇಲೆ ಅವಳ ಬಾಯಲ್ಲಿ ಊರಿನ ಮಾತು ಬಂತು. ಪರದೆಯಲ್ಲಿ ದೀಪ ಉರಿಯುತ್ತಿತ್ತು. ಬಲಗೈ ಚಾಚಿದಳು. ಗಾಜು ತಾಗಲಿಲ್ಲ. ಬಿಸಿ ಎಣ್ಣೆ ತಾಗಿತು. ಬತ್ತಿ ಸಿಕ್ಕಿತು. ಚರ್ಮ ಚುರ್ರೆಂದಿತು. ಬಿಡಲಿಲ್ಲ. ಹಿಸುಕಿದಳು. ಕತ್ತಲೆ.

ಟಿವಿ ಕಪ್ಪಾಗಿತ್ತು. ಜಲಜ ಮೂಲೆಗೆ ಒರಗಿದ್ದಳು. ಆಚೆ ಜಗಲಿಯಿಂದ ಅಮ್ಮಣ್ಣಿಯ ಗಟ್ಟಿ ದನಿ ಬಂತು. "ಹ್ವಾಯ್ ಜಲಜಾ, ಬಿಸಿ ಗಂಜಿ ಇತ್ತಾ? ಹಶು ಆತ್ ಮಾರಾಯ್ತಿ!"

ಚೇತನಾ ಕೈಮುಗಿಯಲು ಹೋದಳು. ಎಡಗೈ ಮಾತ್ರ ಎದ್ದಿತು. ಬಲಗೈ ಮೊಣಕೈಯಿಂದ ಕೆಳಗೆ ತಣ್ಣಗೆ ಜೋತುಬಿದ್ದಿತ್ತು, ಅದರಿಂದ ಬಾಡಿದ ಸೇವಂತಿಗೆಯ ವಾಸನೆ ಬರುತ್ತಿತ್ತು. ಆ ವಾಸನೆ ಮತ್ತೆ ಹೋಗಲಿಲ್ಲ, ಆ ಕೈ ಮತ್ತೆ ಯಾವ ತಾಳಕ್ಕೂ ಏಳಲಿಲ್ಲ.

ಆ ಸಂಜೆ ಅಮ್ಮಣ್ಣಿ ಎರಡು ಬಟ್ಟಲು ಗಂಜಿ ಉಂಡಳು. ಆಮೇಲೆ ಮೊಮ್ಮಗಳನ್ನು ಹತ್ತಿರ ಕೂರಿಸಿಕೊಂಡು, ಚಿಕ್ಕಂದಿನಲ್ಲಿ ಮಾಡಿದ ಹಾಗೆ, ತಾನೇ ಉಣ್ಣಿಸತೊಡಗಿದಳು.

"ಹಾರ ಚೆಂದ ಇತ್ತ್ ಮಗಾ," ಎಂದಳು. "ಸೇವಂತಿಗೆ ಅಂದ್ರೆ ನಂಗ್ ಜೀವ ಅಂದೇಳಿ ನೀ ಮರೀಲಿಲ್ಲ ಅಲ್ದಾ?"