ಬಿಸಿಯಲ್ಲಿ ತೂಗಬಾರದು

"ಅಂಕಿ ನಿಲ್ತಾ ಇಲ್ಲ ನೋಡಿ," ಎಂದ ನಿಧಾನಿ.

ನಿಲ್ಲದೇ ಇದ್ದದ್ದು ಅಂಕಿ ಒಂದೇ ಅಲ್ಲ. ತಕ್ಕಡಿ ಕೋಣೆಯ ಆ ಇಕ್ಕಟ್ಟಿನಲ್ಲಿ ಅವನ ಪಕ್ಕ ನಿಂತಿದ್ದ ಸುಂಟಿಯ ಕಾಲೂ ಒಂದೆಡೆ ನಿಲ್ಲುತ್ತಿರಲಿಲ್ಲ, ಕೈಯೂ ನಿಲ್ಲುತ್ತಿರಲಿಲ್ಲ. ಎದೆಯ ವಿಷಯವನ್ನಂತೂ ಕೇಳಲೇಬೇಡಿ.

ಸುಂಟಿ ಎಂದರೆ ಸುಂಟರಗಾಳಿ. ಕಾಲಿಗೆ ಚಕ್ರ ಕಟ್ಟಿಕೊಂಡೇ ಹುಟ್ಟಿದ ತಂಗಿಗೆ ಅಣ್ಣ ಇಟ್ಟ ಹೆಸರು ಅದು. ಅತ್ತಿಗೆ ಬಂದ ಮೇಲೆ ಬಾಲ ಕತ್ತರಿಸಿಕೊಂಡು ಸುಂಟಿಯಾಯಿತು. ಲ್ಯಾಬಿಗೆ ಸೇರಿದ ಮೇಲೆ ಅಲ್ಲಿಗೂ ಹೇಗೋ ಬಂದು ಸೇರಿತು. ನಿಧಾನಿ ಎನ್ನುವುದು ಹಿರಿಯ ಅನಲಿಸ್ಟನಿಗೆ ಲ್ಯಾಬಿನವರೆಲ್ಲ ಬೆನ್ನ ಹಿಂದೆ ಇಟ್ಟಿದ್ದ ಹೆಸರು. ಎದುರಿಗೆ ಮಾತ್ರ 'ಸಾರ್'. ಚಹಾ ಕುಡಿಯುವಾಗಲೂ ಮೊದಲು ಲೋಟವನ್ನೊಮ್ಮೆ ನೋಡಿ, ಆಮೇಲೆ ಚಹಾವನ್ನು ನೋಡಿ, ಕೊನೆಗೆ ತುಟಿಗೆ ಇಡುವ ಮನುಷ್ಯ. ಇಂಥವನನ್ನು ಕಂಡು ಸುಂಟಿಗೆ ಮೈಯೆಲ್ಲ ಉರಿಯಬೇಕಿತ್ತು. ಮೊದಮೊದಲು ಉರಿದದ್ದೂ ನಿಜ. ಆ ಉರಿ ಯಾವಾಗ ಬೇರೆ ಏನೋ ಆಯಿತು ಎನ್ನುವುದು ಅವಳಿಗೇ ತಿಳಿಯಲಿಲ್ಲ.

"ಓವನ್ನಿಂದ ಯಾವಾಗ ತೆಗೆದ್ರಿ?" ಅವನು ಕೇಳಿದ.

"ಆಗಲೇ ತೆಗೆದೆ ಸಾರ್."

"ಆಗಲೇ ಅಂದ್ರೆ?"

"ಆಗಲೇ ಅಂದ್ರೆ... ಈಗಲೇ."

ಅವನ ತುಟಿಯ ಒಂದು ತುದಿ ಮಾತ್ರ ಸ್ವಲ್ಪ ಅಲುಗಿತು. ನಗು ಬಂದರೆ ಅವನು ಅಷ್ಟೇ ಖರ್ಚು ಮಾಡುವುದು. ಉಳಿದದ್ದನ್ನು ಎಲ್ಲಿಡುತ್ತಾನೋ ಎಂದು ಸುಂಟಿ ಎಷ್ಟೋ ಸಲ ತಲೆ ಕೆಡಿಸಿಕೊಂಡಿದ್ದಳು.

ಗಾಜಿನ ಬಾಗಿಲ ಹಿಂದೆ, ತಕ್ಕಡಿಯ ತಟ್ಟೆಯ ಮೇಲೆ, ಗೋಧಿ ಹಿಟ್ಟಿನ ಪುಟ್ಟ ಅಲ್ಯೂಮಿನಿಯಂ ಡಬ್ಬಿ ಕೂತಿತ್ತು. ಬಿಸಿ ಡಬ್ಬಿ ಸುತ್ತಲಿನ ಗಾಳಿಯನ್ನು ಕಾಯಿಸುತ್ತದೆ, ಕಾದ ಗಾಳಿ ಮೇಲೇಳುತ್ತ ತಟ್ಟೆಯನ್ನೂ ಒಂದಿಷ್ಟು ಎತ್ತುತ್ತದೆ, ತೂಕ ಇರುವುದಕ್ಕಿಂತ ಕಡಿಮೆ ತೋರುತ್ತದೆ. ತೂಕ ಕಡಿಮೆ ಎಂದರೆ ನೀರು ಜಾಸ್ತಿ ಹೋಗಿದೆ ಎಂದು ಲೆಕ್ಕ. ಒಳ್ಳೆಯ ಒಣ ಹಿಟ್ಟು ಕಾಗದದ ಮೇಲೆ ಒದ್ದೆ ಹಿಟ್ಟಾಗಿ, ಮಿಲ್ಲಿನವರ ಲಾರಿ ಬಂದ ದಾರಿಗೆ ಸುಂಕವಿಲ್ಲ ಎಂದು ವಾಪಸ್ ಹೋಗುತ್ತದೆ. ಇದೆಲ್ಲ ಸುಂಟಿಗೆ ಬಾಯಿಪಾಠ. ಗೊತ್ತಿಲ್ಲದ್ದು ಕಾಯುವುದು ಒಂದೇ.

"ಇದಕ್ಕೆ ನಾನು ಸೈನ್ ಹಾಕಲ್ಲ. ಮತ್ತೆ ಮಾಡಿ."

"ನೀವು ಹೋದ ಮೇಲೆ ಹೀಗೆ ತಪ್ಪು ಹಿಡಿಯೋರು ಯಾರೂ ಇರಲ್ಲ ಬಿಡಿ ಸಾರ್. ಹಾಯಾಗಿ ಬಿಸಿಬಿಸಿಯಾಗೇ ತೂಗ್ತೀನಿ."

ಶನಿವಾರ ಬೆಳಗಿನ ರೈಲಿಗೆ ಅವನು ಬಂದರಿನ ಊರಿಗೆ ಹೊರಟಿದ್ದ. ಅಲ್ಲಿ ಕಂಪನಿಯ ಹೊಸ ಲ್ಯಾಬಿಗೆ ಅವನೇ ಯಜಮಾನ. ಇವತ್ತು ಬುಧವಾರ.

"ಹೊಸಬ್ರು ಬರ್ತಾರೆ. ಅವ್ರೂ ಹಿಡೀತಾರೆ."

"ನಂಗೆ ಹೊಸಬ್ರು ಬೇಡ," ಎಂದಳು ಸುಂಟಿ. ಅಲ್ಲಿಗೆ ನಿಲ್ಲಿಸಬಹುದಿತ್ತು. ನಿಲ್ಲುವ ನಾಲಿಗೆಯಾಗಿದ್ದರೆ ಅವಳೇಕೆ ಸುಂಟಿಯಾಗುತ್ತಿದ್ದಳು? "ನಂಗೆ ನೀವು ಬೇಕು."

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಅವನು ಅವಳನ್ನು ನೋಡಿದ. ಮೂರು ವರ್ಷದಲ್ಲಿ ಮೊದಲ ಬಾರಿಗೆ, ಡಬ್ಬಿಯನ್ನಲ್ಲ, ಅಂಕಿಯನ್ನಲ್ಲ, ಅವಳನ್ನೇ ನೋಡಿದ. ಕಿವಿಯ ತುದಿಗಳು ನಿಧಾನವಾಗಿ ಕೆಂಪಾದವು. ಆಮೇಲೆ ಕಣ್ಣು ತಗ್ಗಿಸಿ, ಇಕ್ಕಳದಲ್ಲಿ ಡಬ್ಬಿಯನ್ನು ಎತ್ತಿಕೊಂಡ.

"ಬಿಸಿಯಲ್ಲಿ ತೂಗಬಾರದು," ಎಂದ. "ತಣ್ಣಗಾಗಲಿ. ಆಮೇಲೆ ನೋಡೋಣ."

ಡಬ್ಬಿಗೆ ಹೇಳಿದನೋ ಅವಳಿಗೆ ಹೇಳಿದನೋ! ಮೂಲೆಯಲ್ಲಿದ್ದ ಡೆಸಿಕೇಟರಿನ ದಪ್ಪ ಗಾಜಿನ ಮುಚ್ಚಳವನ್ನು ಪಕ್ಕಕ್ಕೆ ಜಾರಿಸಿ ಡಬ್ಬಿಯನ್ನು ಒಳಗಿಟ್ಟು ಮುಚ್ಚಿ, ಹೊರಗೆ ಹೋಗಿಯೇಬಿಟ್ಟ.

ಸುಂಟಿಗೆ ಭೂಮಿ ಬಾಯಿಬಿಟ್ಟು ನುಂಗಬಾರದೇ ಅನ್ನಿಸಿತು. ಬೇಡ ಎನ್ನಲು ಧೈರ್ಯವಿಲ್ಲದವರು ಹೀಗೇ ಸುತ್ತಿ ಬಳಸಿ ಹೇಳುತ್ತಾರೆ ಎಂದು ಅವಳ ತೀರ್ಮಾನವೂ ಆಗಿಹೋಯಿತು. ತೀರ್ಮಾನಗಳಲ್ಲೂ ಅವಳು ಎಂದೂ ತಡ ಮಾಡಿದವಳಲ್ಲ.

ಗುರುವಾರ ಇಡೀ ದಿನ ಅವಳು ಮುಳ್ಳಿನ ಮೇಲೆ ಕೂತಿದ್ದಳು. ಅವನು ಒಳಗೆ ಬಂದರೆ ಇವಳು ಹೊರಗೆ. ಅವನು ಕಾರಿಡಾರಿನಲ್ಲಿದ್ದರೆ ಇವಳಿಗೆ ತಕ್ಷಣ ಸ್ಟೋರ್ ರೂಮಿನಲ್ಲಿ ಕೆಲಸ. ಆದರೂ ಅವನ ಹೆಜ್ಜೆ ಸದ್ದು ಎಲ್ಲಿಂದ ಎಲ್ಲಿಗೆ ಹೋಯಿತು ಎನ್ನುವುದನ್ನು ಕಿವಿ ತನ್ನಷ್ಟಕ್ಕೆ ತಾನೇ ಹಿಂಬಾಲಿಸುತ್ತಿತ್ತು. ಒಂದು ಬೀಕರು ಒಡೆಯಿತು. ಮಧ್ಯಾಹ್ನದ ಊಟದ ಡಬ್ಬಿ ತೆರೆಯದೆಯೇ ಮನೆಗೆ ವಾಪಸ್ ಬಂತು.

ಏನೋ ಆಗಿದೆ ಎಂದು ತಿಳಿಯಲು ಅತ್ತಿಗೆಗೆ ಆ ಡಬ್ಬಿಯ ಭಾರವೇ ಸಾಕಾಯಿತು. ಒಣಗಿದ ಬಟ್ಟೆಗಳ ರಾಶಿಯನ್ನು ಮಂಚದ ಮೇಲೆ ಸುರಿದು, "ಬಾ, ಮಡಚು. ಮಡಚ್ತಾ ಬೊಗಳು," ಎಂದಳು.

ಸುಂಟಿ ಬೊಗಳಿದಳು. ಒಂದೂ ಬಿಡದೆ.

ಅತ್ತಿಗೆ ದಿಂಬಿನ ಕವರೊಂದನ್ನು ಕೆನ್ನೆಗೆ ಒತ್ತಿ, ಇನ್ನೂ ತೇವವಿದೆ ಎಂದು ಕುರ್ಚಿಯ ಬೆನ್ನಿಗೆ ಹಾಕಿದಳು. "ಅಲ್ಲ ಕಣೇ, ಆ ಮನುಷ್ಯ 'ತಣ್ಣಗಾಗಲಿ' ಅಂದ್ರೆ ಏನೇ ಅರ್ಥ? ಯಾವ ಭಾಷೆ ಅದು?"

"ಅದು ನಮ್ಮ ಲ್ಯಾಬಿನ ಮಾತು ಅತ್ತಿಗೆ. ಕಾನ್‌ಸ್ಟಂಟ್ ವೆಯ್ಟ್ ಅಂತ ಇದೆ. ಪುಸ್ತಕದಲ್ಲಿ ಸ್ಥಿರ ತೂಕ ಅಂತಾರೆ."

"ಹಾಗಂದ್ರೆ?"

"ಈಗ ನೀವು ಬಟ್ಟೆ ಒಣಗಿದೆಯಾ ಅಂತ ಕೆನ್ನೆಗೆ ಒತ್ತಿ ನೋಡಿದ್ರಲ್ಲ, ಲ್ಯಾಬಲ್ಲಿ ಕೆನ್ನೆ, ಕಣ್ಣು ಯಾವುದನ್ನೂ ನಂಬೋ ಹಾಗಿಲ್ಲ. ಓವನ್ನಲ್ಲಿ ಒಣಗಿಸಬೇಕು. ಡೆಸಿಕೇಟರ್ ಅಂತ ಒಂದು ಗಾಜಿನ ಪಾತ್ರೆ ಇದೆ, ಅದರೊಳಗಿನ ಗಾಳಿಯಲ್ಲಿ ತೇವ ಇರಲ್ಲ. ಅದರಲ್ಲಿಟ್ಟು ತಣ್ಣಗೆ ಮಾಡಬೇಕು. ಆಮೇಲೆ ತೂಗಬೇಕು. ಮತ್ತೆ ಒಣಗಿಸಿ, ಮತ್ತೆ ತಣ್ಣಗೆ ಮಾಡಿ, ಮತ್ತೆ ತೂಗಬೇಕು. ಮೊದಲು ತೂಕ ಇಳೀತಾ ಹೋಗುತ್ತೆ. ಒಂದರ ಹಿಂದೆ ಒಂದು, ಎರಡು ಸಲ ತೂಗಿದ್ದು ಒಂದೇ ಬಂದ್ರೆ, ಅದಕ್ಕೆ ಸ್ಥಿರ ತೂಕ ಅನ್ನೋದು. ಒಂದು ಸಲ ತೂಗಿದ್ದಕ್ಕೆ ಆ ಹೆಸರಿಲ್ಲ."

"ಮತ್ತೆ ಬಿಸಿ ಇರುವಾಗ ತೂಗಿದ್ದು?"

"ಅದು ಲೆಕ್ಕಕ್ಕೇ ಇಲ್ಲ."

"ಆ ಬಿಸಿ ಡಬ್ಬೀನ ಏನ್ಮಾಡ್ತೀರಿ? ಎಸೆದುಬಿಡ್ತೀರಾ?"

"ಅಯ್ಯೋ, ಯಾಕೆ ಎಸೀತಾರೆ? ಮುಚ್ಚಿಟ್ಟು ಕಾಯ್ತಾರೆ..."

ಸುಂಟಿಯ ಕೈಯಲ್ಲಿ ಅಣ್ಣನ ಅಂಗಿ ಅರ್ಧ ಮಡಚಿಕೊಂಡು ಹಾಗೇ ನಿಂತಿತು. ತಣ್ಣಗಾಗಲಿ, ಆಮೇಲೆ ನೋಡೋಣ. ಡಬ್ಬಿಯನ್ನು ಎಸೆದವನ ಮಾತಲ್ಲ ಅದು. ಒಳಗಿಟ್ಟು ಮುಚ್ಚಳ ಎಳೆದವನ ಮಾತು.

"ನೋಡೋಣ ಅಂದಿದಾನೆ ತಾನೇ? ಬೇಡ ಅಂದಿಲ್ಲವಲ್ಲ," ಅತ್ತಿಗೆ ಅಂಗಿಯನ್ನು ಅವಳ ಕೈಯಿಂದ ಕಿತ್ತುಕೊಂಡಳು. "ನಿಮ್ಮಣ್ಣ ಆ ಕಾಲದಲ್ಲಿ ಅಷ್ಟೂ ಹೇಳಿರಲಿಲ್ಲ. ಬರೀ ಕೆಮ್ಮಿದ್ರು."

ಶುಕ್ರವಾರ ಸಂಜೆಗೆ ಮುಂಚೆ ಲ್ಯಾಬಿನಲ್ಲಿ ಅವನಿಗೆ ಬೀಳ್ಕೊಡುಗೆಯ ಚಹಾ. ಎಲ್ಲರೂ ಹೊರಗೆ ಬಿಸ್ಕತ್ತಿನ ತಟ್ಟೆಯ ಸುತ್ತ ಸೇರಿದ್ದಾಗ, ಚಹಾ ಯಾರಿಗಾಗಿ ಮಾಡಿದ್ದೋ ಆ ಮನುಷ್ಯನೇ ನಾಪತ್ತೆ. ಸುಂಟಿಗೆ ಹುಡುಕಬೇಕಾಗಿರಲಿಲ್ಲ. ತಕ್ಕಡಿ ಕೋಣೆಯಲ್ಲಿ ಅವನು ಡೆಸಿಕೇಟರಿನ ಮುಚ್ಚಳದೊಂದಿಗೆ ಗುದ್ದಾಡುತ್ತಿದ್ದ. ಬಿಸಿ ಡಬ್ಬಿ ಇಟ್ಟು ಗಟ್ಟಿಯಾಗಿ ಮುಚ್ಚಿಬಿಟ್ಟರೆ, ಒಳಗಿನ ಗಾಳಿ ತಣ್ಣಗಾಗಿ ಕುಗ್ಗಿ ಮುಚ್ಚಳ ಕಚ್ಚಿಕೊಳ್ಳುತ್ತದೆ. ಮುಚ್ಚುವ ಮೊದಲು ಒಂದು ಕ್ಷಣ ಸಂದು ಬಿಡಬೇಕು. ಇದು ಹೊಸಬರು ಮಾಡುವ ತಪ್ಪು. ನಿಧಾನಿ ಮಾಡುವ ತಪ್ಪಲ್ಲ.

"ಏನಿದೆ ಸಾರ್ ಒಳಗೆ?"

"ಶೇಂಗಾ ಹಿಂಡಿ. ನಿನ್ನೆಯ ಸ್ಯಾಂಪಲ್."

"ನಿನ್ನೇನೇ ಎರಡು ರೀಡಿಂಗ್ ಒಂದೇ ಬಂದ್ವಲ್ಲ! ಮತ್ತೆ ಯಾಕೆ ಒಣಗಿಸಿದ್ರಿ?"

"ಇನ್ನೊಂದು ಸಲ ನೋಡೋಣ ಅಂತ."

"ಎಣ್ಣೆ ಪದಾರ್ಥ ಸಾರ್ ಅದು. ಹೆಚ್ಚು ಕಾಯಿಸಿದ್ರೆ ಗಾಳಿ ಹಿಡ್ಕೊಂಡು ತೂಕ ಏರೋಕೆ ಶುರುವಾಗುತ್ತೆ. ನೀವೇ ಹೇಳಿಕೊಟ್ಟಿದ್ದು."

ಅವನು ಮುಚ್ಚಳದ ಮೇಲೆ ಕೈಯಿಟ್ಟುಕೊಂಡು ಹಾಗೇ ನಿಂತ. ಸುಂಟಿ ಅವನ ಮುಖ ನೋಡಿದಳು. ಕಣ್ಣಿನ ಕೆಳಗೆ ಕಪ್ಪು, ಕೆನ್ನೆಯ ಮೇಲೆ ಕ್ಷೌರದ ಗಾಯ. ಓಹೋ, ನಿದ್ದೆ ಬಿಟ್ಟವಳು ತಾನೊಬ್ಬಳೇ ಅಲ್ಲ! ಅವಳ ಹೊಟ್ಟೆಗೆ ಹಾಲು ಹೊಯ್ದಂತಾಯಿತು.

"ಎತ್ತಬೇಡಿ. ಜಾರಿಸಬೇಕು," ಎಂದು ಅವಳೂ ಕೈ ಹಾಕಿದಳು. ಅವನು ಆ ಕಡೆಯಿಂದ ಹಿಡಿದ, ಇವಳು ಈ ಕಡೆಯಿಂದ ನೂಕಿದಳು. ಗಾಜಿನ ಅಂಚಿನ ಗ್ರೀಸಿನಲ್ಲಿ ಇಬ್ಬರ ಬೆರಳೂ ಅಂಟಂಟಾದವು. ಅವನ ಕಿರುಬೆರಳು ಅವಳ ಕಿರುಬೆರಳಿಗೆ ತಗುಲಿ, ತೆಗೆಯಬೇಕಾದಷ್ಟು ಬೇಗ ತೆಗೆಯಲಿಲ್ಲ. ಉಸ್ ಎಂದು ಗಾಳಿ ಒಳಗೆ ನುಗ್ಗಿ ಮುಚ್ಚಳ ಸರಿಯಿತು.

ಸುಂಟಿ ಕೈ ಒರೆಸಿಕೊಂಡಳು. ಕಾಲನ್ನು ನೆಲಕ್ಕೆ ಊರಿ ನಿಲ್ಲಿಸಿದಳು. ಆ ಕಾಲಿಗೆ ಅದು ಹೊಸ ಅನುಭವ.

"ಬುಧವಾರ ನಾನು ಹೇಳಿದ್ದು ಬಿಸಿಯಲ್ಲಿ. ಒಪ್ಪಿದೆ. ಇಷ್ಟು ಹೊತ್ತು ಮುಚ್ಚಿಟ್ಟಿದ್ದೆ. ಈಗ ಮತ್ತೆ ಹೇಳ್ತೀನಿ ಕೇಳಿ. ನಂಗೆ ನೀವು ಬೇಕು. ಅವತ್ತಿಗಿಂತ ಹೆಚ್ಚಾಗಿಲ್ಲ, ಕಡಿಮೆಯಾಗಿಲ್ಲ."

ಹೊರಗೆ ಯಾರೋ ನಕ್ಕರು. ಲೋಟಗಳ ಸದ್ದು ಕೇಳಿಸಿತು.

"ನನ್ನ ವಿಷಯ ನಿಮಗೆ ಗೊತ್ತಲ್ಲ," ಎಂದ ಅವನು. ಅವನಿಗೊಮ್ಮೆ ನಿಶ್ಚಯವಾಗಿದ್ದ ಮದುವೆ ತಿಂಗಳೊಳಗೇ ಮುರಿದುಬಿದ್ದದ್ದು ಲ್ಯಾಬಿನಲ್ಲಿ ಎಲ್ಲರಿಗೂ ಗೊತ್ತಿತ್ತು. "ಅವಾಗ ನೋಡಿದ ದಿನವೇ ಇಬ್ರೂ ಹೂಂ ಅಂದಿದ್ವಿ. ತಣ್ಣಗಾದ ಮೇಲೆ ಆ ಹುಡುಗಿಗೆ ಬೇಡ ಅನ್ನಿಸ್ತು. ಅವಳದ್ದೇನೂ ತಪ್ಪಿಲ್ಲ. ಆದ್ರೆ ನೋವಾಯ್ತು. ನೀವು ನನ್ನ ಮಾತು ಕೇಳ್ಕೊಂಡು, ಊರು ಮನೆ ಬಿಟ್ಟು ಬಂದು, ಆಮೇಲೆ..."

"ನನ್ನದು ಎರಡು ರೀಡಿಂಗ್ ಆಯ್ತು ಸಾರ್. ನಿಮ್ಮದು ಒಂದೂ ಇಲ್ಲ. ಬೇರೆಯವರ ಮಾತನ್ನೆಲ್ಲ ತೂಗ್ತೀರಿ, ನಿಮ್ಮದನ್ನ ತಟ್ಟೆ ಮೇಲೇ ಇಡಲ್ಲ. ಹೆಚ್ಚು ಕಾದ್ರೂ ಹಾಳಾಗುತ್ತೆ."

ಅವನ ಕಿವಿಗಳು ಕೆಂಪಾದವು. ಕುತ್ತಿಗೆಯೂ ಕೆಂಪಾಯಿತು. "ನಂಗೂ," ಎಂದ. ಉಗುಳು ನುಂಗಿದ. "ನಂಗೂ ನೀವು ಬೇಕು."

ಸುಂಟಿಗೆ ಕುಣಿಯಬೇಕು ಅನ್ನಿಸಿತು, ಅಳಬೇಕು ಅನ್ನಿಸಿತು, ಅವನ ಕೆನ್ನೆಯ ಗಾಯವನ್ನು ಮುಟ್ಟಬೇಕು ಅನ್ನಿಸಿತು. ಆದರೆ ಮೂರು ದಿನ ಬೇಯಿಸಿದವನನ್ನು ಅಷ್ಟು ಸುಲಭಕ್ಕೆ ಬಿಡುವುದುಂಟೇ?

"ಕಿವಿ ನೋಡ್ಕೊಳ್ಳಿ ಸಾರ್," ಎಂದಳು. "ಇದು ಬಿಸಿ ತೂಕ. ಲೆಕ್ಕಕ್ಕೆ ಬರಲ್ಲ."

ಬಾಗಿಲು ತೆಗೆದು ಹೊರಟೇಬಿಟ್ಟಳು.

ಆ ಠೀವಿ ಮನೆಯ ಗೇಟಿನವರೆಗೆ ಉಳಿಯಿತು. ಆಮೇಲೆ ಶುರುವಾಯಿತು ಪಶ್ಚಾತ್ತಾಪ. ಬಾಯಿಗೆ ಬಂದ ತುತ್ತನ್ನು ತಮಾಷೆಗಾಗಿ ಕೆಳಗಿಟ್ಟು ಬಂದವಳು ಲೋಕದಲ್ಲಿ ತಾನೊಬ್ಬಳೇ ಇರಬೇಕು! ಅವನು ನಿಧಾನಿ. ತಣ್ಣಗಾಗುವುದಕ್ಕೆ ಅವನಿಗೆ ಒಂದು ವರ್ಷವೇ ಬೇಕಾಗಬಹುದು. ಅಷ್ಟರಲ್ಲಿ ರೈಲು, ಬಂದರು, ಹೊಸ ಲ್ಯಾಬು, ಹೊಸ ಜನ. ಫೋನು ಕೈಗೆತ್ತಿಕೊಂಡಳು, ಇಟ್ಟಳು, ಮತ್ತೆ ಎತ್ತಿಕೊಂಡಳು. "ಮಲಗೇ ತಾಯಿ, ನೆಲ ಸವೆಯುತ್ತೆ," ಎಂದು ಅತ್ತಿಗೆ ಒಳಗಿನಿಂದಲೇ ಕೂಗಿದಳು.

ಬೆಳಿಗ್ಗೆ ಹಾಲಿನವನಿಗಿಂತ ಮೊದಲು ಬಾಗಿಲ ಗಂಟೆ ಸದ್ದು ಮಾಡಿತು.

ಅತ್ತಿಗೆ ಬಾಗಿಲು ತೆಗೆದಳು. ಅಣ್ಣ ಬಾಯಲ್ಲಿ ಬ್ರಷ್ ಇಟ್ಟುಕೊಂಡೇ ಇಣುಕಿದ. ಹೊಸಿಲಾಚೆ ಸೂಟ್‌ಕೇಸ್ ಹಿಡಿದ ಮನುಷ್ಯನೊಬ್ಬ ನಿಂತಿದ್ದ. ಅಂಗಿಯ ಗುಂಡಿಗಳೆಲ್ಲ ಒಂದೊಂದು ಮನೆ ತಪ್ಪಿದ್ದವು. ಏದುಸಿರು ಬಿಡುತ್ತಿದ್ದ.

"ಯಾರು ಬೇಕಿತ್ತು?" ಅತ್ತಿಗೆ ಕೇಳಿದಳು. ಗೊತ್ತಿದ್ದೂ ಕೇಳಿದಳು, ಆ ಸುಖವನ್ನು ಅವಳೇಕೆ ಬಿಟ್ಟುಕೊಟ್ಟಾಳು?

ಅವನು ಉತ್ತರಿಸುವ ಮೊದಲೇ ಸುಂಟಿ ಕೆದರಿದ ಕೂದಲಲ್ಲಿ ಅತ್ತಿಗೆಯ ಹಿಂದೆ ಬಂದು ನಿಂತಿದ್ದಳು.

"ರೈಲಿಗೆ ಇನ್ನೂ ಸಮಯ ಇದೆ," ಎಂದ ಅವನು ಅವಳನ್ನು ನೋಡುತ್ತ. "ಅಲ್ಲಿ ಇನ್ನೊಬ್ಬ ಅನಲಿಸ್ಟ್ ಬೇಕು ಅಂತ ಹೋದ ತಿಂಗಳೇ ಕೇಳಿಟ್ಟಿದೀನಿ. ಯಾರು ಅಂತ ಹೇಳಿರಲಿಲ್ಲ. ಅದನ್ನ ನಿನ್ನೆ ಹೇಳಬೇಕಿತ್ತು. ನೀವು ಬಾಗಿಲು ಹಾಕ್ಕೊಂಡು ಹೋಗಿಬಿಟ್ರಿ."

"ಅದು ಆಮೇಲೆ," ಎಂದಳು ಸುಂಟಿ. ಅವಳ ಬಾಯಲ್ಲಿ 'ಆಮೇಲೆ' ಎನ್ನುವ ಮಾತು ಕೇಳಿ ಅಣ್ಣ ಬ್ರಷ್ ಕೈಗೆ ತೆಗೆದುಕೊಂಡ.

ಅವಳು ಮುಂದೆ ಬಂದು ಅವನ ಕೈ ಹಿಡಿದಳು. ಎಲ್ಲರೆದುರಿಗೇ ಅದನ್ನು ಎತ್ತಿ, ಒಣಗಿದ ಬಟ್ಟೆಯನ್ನು ಅತ್ತಿಗೆ ನೋಡುವ ಹಾಗೆ, ಕೆನ್ನೆಗೆ ಒತ್ತಿಕೊಂಡಳು. ಬೆಳಗಿನ ಗಾಳಿಯಲ್ಲಿ ಅಷ್ಟು ದೂರ ನಡೆದು ಬಂದ ಕೈ ತಣ್ಣಗಿತ್ತು.

"ಹೂಂ, ಹೇಳಿ," ಎಂದಳು.

"ನಂಗೂ ನೀವು ಬೇಕು," ಎಂದ ನಿಧಾನಿ. ಈ ಸಲ ಉಗುಳು ನುಂಗಲಿಲ್ಲ.

ಸುಂಟಿ ಕಣ್ಣು ತುಂಬಿಕೊಂಡು, ಅವನ ಕೈಯನ್ನು ಕೆನ್ನೆಯಿಂದ ತೆಗೆಯದೆ, ತಲೆಯಾಡಿಸಿದಳು.

"ಇವರು ಯಾರೇ?" ಎಂದು ಅಣ್ಣ ಅತ್ತಿಗೆಯ ಕಿವಿಯಲ್ಲಿ ಕೇಳಿದ.

"ನೀವು ಮೊದಲು ಬಾಯಿ ತೊಳ್ಕೊಂಡು ಬನ್ನಿ," ಎಂದಳು ಅತ್ತಿಗೆ. "ಒಳಗೆ ಬನ್ನಿ ಸಾರ್. ಚಹಾ ಕುಡಿದು ಹೋಗಿ."

ಚಹಾ ಬಂತು. ಅವನು ಲೋಟವನ್ನೂ ನೋಡಲಿಲ್ಲ, ಚಹಾವನ್ನೂ ನೋಡಲಿಲ್ಲ. ಅವಳನ್ನೇ ನೋಡುತ್ತ ಒಂದೇ ಗುಟುಕಿಗೆ ಕುಡಿದು ನಾಲಿಗೆ ಸುಟ್ಟುಕೊಂಡ.

"ನಿಧಾನ," ಎಂದಳು ಸುಂಟಿ.