ಬಾಂಡಿನ ಮೇಲೆ ಬಿಟ್ಟ ಹತ್ತು ಕುರಿ

ನಾನು ಹುಲಗಪ್ಪ, ಇಪ್ಪತ್ತೆರಡು ವರ್ಷ ಕೋರ್ಟಿನಲ್ಲಿ ಜವಾನನಾಗಿದ್ದವನು. ರಕ್ತ ಮೆತ್ತಿದ ಕೊಡಲಿ, ಹುಳ ಬಿದ್ದ ಅಕ್ಕಿಮೂಟೆ ಎಲ್ಲವನ್ನೂ ಈ ಕೈಯಲ್ಲೇ ಹೊತ್ತಿದ್ದೇನೆ. ಅವು ಯಾವುವೂ ಸಗರದ ಕುರಿಗಳ ಪ್ರಕರಣದಷ್ಟು ನನಗೆ ಹೇಸಿಗೆ ಹುಟ್ಟಿಸಿರಲಿಲ್ಲ.

ನಿವೃತ್ತಿಯಾದ ಮೇಲೂ ನಾನು ದಿನಾ ಬೆಳಿಗ್ಗೆ ಸುರಪುರದ ಯಶೋಧರಾ ಮೇಡಂ ಮನೆಗೆ ಹೋಗುತ್ತಿದ್ದೆ. ಅವರು ಮುದ್ದೆಮಾಲು ಕೋಣೆಯ ಗುಮಾಸ್ತೆಯಾಗಿದ್ದವರು. ಪೊಲೀಸರು ಜಪ್ತಿ ಮಾಡಿ ತಂದ ಒಂದು ಗುಂಡುಸೂಜಿಯೂ ಅವರ ಕಣ್ಣು ತಪ್ಪಿಸುತ್ತಿರಲಿಲ್ಲ. ಅವತ್ತು ಅವರ ಹೊಸ್ತಿಲ ಹತ್ತಿರ ಸಗರದ ಕುರಿಗಾರ್ತಿ ಗುರುಲಿಂಗಮ್ಮ ಕುಳಿತಿದ್ದಳು.

"ಅಕ್ಕಾರ, ನನ್ನ ಮಗನ್ನ ಉಳಸ್ರಿ. ನಾಳಿ ಪೊಲೀಸರು ಬಂದು ಮಲ್ಲೂನ್ನ ಹಿಡ್ಕೊಂಡು ಹೋಗ್ತಾರಂತ."

ಆರು ತಿಂಗಳ ಹಿಂದೆ ಕಳ್ಳರು ಅವಳ ಹಿಂಡಿನಿಂದ ಹತ್ತು ಕುರಿ ಟೆಂಪೋಕ್ಕೆ ತುಂಬಿದ್ದರು. ಪೊಲೀಸರು ದಾರಿಯಲ್ಲೇ ಹಿಡಿದರು. ಕೇಸು ಮುಗಿಯುವ ತನಕ ಇಟ್ಟುಕೋ ಎಂದು ಕೋರ್ಟು ಕುರಿಗಳನ್ನು ಅವಳಿಗೇ ಬಿಟ್ಟುಕೊಟ್ಟಿತ್ತು. ಈಗ ಪಿಎಸ್‌ಐ ಭೀಮರಾಯರು ಪಂಚನಾಮೆ ಹಿಡಿದು ತಪಾಸಣೆ ಮಾಡಿ, ಹತ್ತರಲ್ಲಿ ಒಂದೇ ಅಸಲಿ, ಒಂಬತ್ತು ಬದಲಾಗಿವೆ ಎಂದಿದ್ದರು. ಮಲ್ಲು ಅಸಲಿ ಕುರಿಗಳನ್ನು ಸೈದಾಪುರದ ಕಡೆ ಮಾರಿದ್ದಾನೆಂಬುದು ಅವರ ಗುಮಾನಿ.

ಮೇಡಂ ಅವಳು ತಂದಿದ್ದ ಕೋರ್ಟಿನ ಆದೇಶವನ್ನು ಓದಿದರು. ಫೋಟೋ ತೆಗೆದು, ಗುರುತು ಬರೆದು ಪಂಚನಾಮೆ ಮಾಡಬೇಕು. ಮಾಲನ್ನು ಮಾರಬಾರದು, ಅದರ ಸ್ವರೂಪ ಬದಲಿಸಬಾರದು. ಕೇಳಿದಾಗ ಹಾಜರುಪಡಿಸಬೇಕು. ಒಬ್ಬ ಜಾಮೀನುದಾರ ಬಾಂಡಿಗೆ ಸಹಿ ಹಾಕಬೇಕು.

"ಜಾಮೀನು ಯಾರು ನಿಂತಾರ?"

"ಶಹಾಪುರದ ಬಾಲರಾಜಪ್ಪಾರ್ರಿ. ನಾ ಕೇಳದೇ ಅವರೇ ಮುಂದ ಬಂದ್ರು. ಪಂಚನಾಮೆ ನಕಲು ಅವರ ಹತ್ರನ ಅದ. ನನಗೆಲ್ಲಿ ಓದಾಕ ಬರ್ತದ್ರಿ?"

"ಹತ್ತೂ ನಿನ್ನವ ಏನವ್ವಾ?"

ಗುರುಲಿಂಗಮ್ಮ ನೆಲ ನೋಡಿದಳು. "ಹೂಂನ್ರಿ. ಹತ್ತೂ ನಮ್ಮವ."

ಈ ಮುದುಕಿ ಸುಳ್ಳು ಹೇಳುತ್ತಿದ್ದಾಳೆ ಎನಿಸಿ ನನ್ನ ಮುಖ ಹುಳ್ಳಗಾಯಿತು. ಮಗ ಮಾರಿದ್ದಾನೆ, ತಾಯಿ ಮುಚ್ಚಿಡುತ್ತಿದ್ದಾಳೆ ಅಂದುಕೊಂಡೆ. ಮೇಡಂ ಚಪ್ಪಲಿ ಮೆಟ್ಟಿದರು.

ಸಗರದ ಹಟ್ಟಿಯಲ್ಲಿ ಆ ಹತ್ತು ಕುರಿಗಳನ್ನು ಬೇರೆ ಕಟ್ಟಿದ್ದರು. ವಾಸನೆಗೆ ನಾನು ಟವೆಲಿನಿಂದ ಮೂಗು ಮುಚ್ಚಿಕೊಂಡೆ. ಒಂಬತ್ತರ ಉಣ್ಣೆ ಜಡೆಗಟ್ಟಿ ಹಿಕ್ಕೆ ಅಂಟಿ ಜೋತಾಡುತ್ತಿತ್ತು, ಅದರೊಳಗೆ ರಕ್ತ ಹೀರುವ ಹುಳಗಳು ಹರಿದಾಡುತ್ತಿದ್ದವು. ಹತ್ತನೆಯ ಟಗರಿನ ಮೈ ಮಾತ್ರ ನುಣ್ಣಗಿತ್ತು. ಆಚೆ ಕಡೆ ಹಿಂಡಿನ ಉಳಿದ ನಲವತ್ತು ಕುರಿಗಳ ಉಣ್ಣೆಯೂ ಗಿಡ್ಡಗಿತ್ತು.

"ಈ ಒಂಬತ್ತರ ಉಣ್ಣಿ ಯಾಕ ಕತ್ತರಿಸಿಲ್ಲಪ್ಪಾ?" ಎಂದು ಮೇಡಂ ಮಲ್ಲುವನ್ನು ಕೇಳಿದರು.

"ರೂಪ ಬದಲು ಮಾಡಬಾರ್ದು ಅಂತ ಕೋರ್ಟ್ ಹೇಳ್ಯಾದಲ್ರಿ. ಅವ್ವ ಕತ್ತರಿ ಮುಟ್ಟಗೊಡಲಿಲ್ಲ."

ನನಗೆ ನಗುವೂ ಬಂತು, ಅಳುವೂ ಬಂತು. ಮೇಡಂ ನಗಲಿಲ್ಲ. ಅವರು ಐವತ್ತೂ ಕುರಿಗಳ ಕಿವಿ ಹಿಡಿದು ನೋಡಿ, ಪಿಎಸ್‌ಐಗೂ ಜಾಮೀನುದಾರ ಬಾಲರಾಜನಿಗೂ ಹೇಳಿ ಕಳಿಸಿದರು.

ಮಧ್ಯಾಹ್ನಕ್ಕೆ ಇಬ್ಬರೂ ಬಂದರು. ಕೋರ್ಟಿನ ಗೇಟಿನಲ್ಲಿ ಕಂಡವರಿಗೆಲ್ಲ ಜಾಮೀನು ನಿಲ್ಲುವುದೇ ಬಾಲರಾಜನ ಕಸುಬು. ಕಂಕುಳಲ್ಲಿ ಫೈಲು, ಬಾಯಲ್ಲಿ ಜರ್ದಾ. ಕುರಿ ಕುಡಿಯುವ ನೀರಿನ ಪಕ್ಕದಲ್ಲೇ ಪಿಚಕ್ಕನೆ ಉಗುಳಿದ.

"ನಂಬಿ ಸಹಿ ಮಾಡಿದ್ದಕ್ಕ ನನಗ ಟೋಪಿ ಹಾಕ್ಯಾರ್ರಿ ಸಾಹೇಬ್ರ," ಎಂದ.

ಭೀಮರಾಯರು ಪಂಚನಾಮೆ ಓದಿದರು. "ಎಡಗಿವಿಗೆ ಗುರುತಿನ ಕಚ್ಚು ಅಂತ ಬರದಾದ. ಈ ಟಗರಿಗೆ ಎಡಗಿವಿಗೆ ಅದ. ಉಳಿದ ಒಂಬತ್ತಕ್ಕ ಬಲಗಿವಿಗೆ. ಫೋಟೋದಾಗ ಬರೇ ಬಾಲ ಕಾಣ್ತಾವ, ಏನು ನೋಡ್ಲಿ?"

"ಸಾಹೇಬ್ರ, ನಮ್ಮ ಹುಲಗಪ್ಪನ ಎದುರಿಗೆ ನಿಲ್ರಿ. ನಿಮ್ಮ ಎಡಗೈಯಿಂದ ನೇರ ಅವನ ಕಿವಿ ಹಿಡೀರಿ," ಎಂದರು ಮೇಡಂ.

ಪಿಎಸ್‌ಐ ನನ್ನ ಕಿವಿ ಹಿಡಿದರು. ಉರಿಯಿತು.

"ಅದು ಅವನ ಯಾವ ಕಿವಿ?"

ಭೀಮರಾಯರು ಕೈಬಿಟ್ಟರು. "ಬಲಗಿವಿ."

"ಪಂಚನಾಮೆ ಬರದಾವ ಕುರಿ ಮುಖ ನೋಡಕೋತ ನಿಂತು, ತನ್ನ ಎಡಕ್ಕ ಕಂಡದ್ದನ್ನ ಎಡಗಿವಿ ಅಂತ ಬರದಾನ. ಈ ಮನಿಯವರು ಕಚ್ಚು ಹಾಕೋದು ಬಲಗಿವಿಗೇ. ಆ ನಲವತ್ತರ ಕಿವಿ ನೋಡ್ರಿ. ಅವನ್ನ ಯಾರೂ ಜಪ್ತಿ ಮಾಡಿಲ್ಲ, ಯಾರೂ ಬದಲಿಸಿಲ್ಲ. ಇನ್ನ, ಮಲ್ಲು ಒಂಬತ್ತು ಬದಲಿ ಕುರಿ ತಂದಿದ್ದರ ಅವುಗಳ ಉಣ್ಣಿ ಕತ್ತರಿಸಿರತಿತ್ತು. ಈ ಹಂಗಾಮಿನಾಗ ಯಾವ ಕುರಿಗಾರ ಉಣ್ಣಿ ಬಿಡ್ತಾನ? ಕೋರ್ಟಿಗೆ ಅಂಜಿ ಬಿಟ್ಟಾಕಿ ಈಕಿ ಒಬ್ಬಾಕಿ. ಒಂಬತ್ತೂ ಅಸಲಿ ಸಾಹೇಬ್ರ. ನಕಲಿ ಈ ಟಗರೊಂದೇ."

ಮೇಡಂ ಟಗರಿನ ಎಡಗಿವಿಯನ್ನು ಎತ್ತಿ ಹಿಡಿದರು.

"ಈ ಟಗರಿನ ಎಡಗಿವಿ ಕತ್ತರಿಸಿದಾವ ಯಾರು? ತಾಯಿ ಮಗ ಅಲ್ಲ, ಅವರ ಕೈ ಕಣ್ಣು ಮುಚ್ಚಿದ್ರೂ ಬಲಗಿವಿಗೇ ಹೋಗ್ತದ. ಕುರಿ ನೋಡದೇ, ಕಾಗದ ನೋಡಿ ಕತ್ತರಿಸಿದಾವ. ಕಾಗದಕ್ಕ ಹೊಂದಿದ್ರ ಸಾಕು ಅಂದಕೊಂಡಾವ. ಆ ಕಾಗದ ಇದ್ದದ್ದು ಠಾಣೆಯಾಗ ಮತ್ತ ಬಾಲರಾಜನ ಕಂಕುಳಾಗ. ಗುರುಲಿಂಗಮ್ಮಾ, ಹಟ್ಟಿಯಿಂದ ಟಗರು ಒಯ್ದಾವರು ಯಾರು? ಹೇಳಿದ್ರ ನಿನ್ನ ಮಗಗ ಏನೂ ಆಗಂಗಿಲ್ಲ. ಹೇಳದಿದ್ರ ಆಗ್ತದ."

ಮುದುಕಿ ಬಾಲರಾಜನತ್ತ ಕೈ ತೋರಿಸಿದಳು. "ಟಗರಿಗೆ ಜ್ವರ ಬಂದಿತ್ರಿ. ದವಾಖಾನಿಗೆ ತೋರಿಸ್ತೀನಿ ಅಂತ ಇವರೇ ಗಾಡ್ಯಾಗ ಹಾಕ್ಕೊಂಡು ಹೋದ್ರು. ನಾಕು ದಿನ ಬಿಟ್ಟು ಇದನ್ನ ತಂದು ಕಟ್ಟಿದ್ರು. ನನ್ನ ಟಗರು ನನಗ ಗೊತ್ತಾಗಂಗಿಲ್ಲೇನ್ರಿ? ಬಾಯಿ ಬಿಟ್ರ ಬಾಂಡು ಮುರೀತದ, ಮಲ್ಲೂನ್ನ ಒಳಗ ಹಾಕ್ತಾರ ಅಂದ್ರು."

ನಾನು ಅವಳನ್ನು ಕಳ್ಳಿ ಅಂದುಕೊಂಡಿದ್ದೆ. ನನ್ನ ಮೇಲೆ ನನಗೇ ಅಸಹ್ಯವಾಯಿತು.

"ಎಲ್ಲಿ ಅದಲೇ ಆ ಟಗರು?" ಭೀಮರಾಯರು ಬಾಲರಾಜನ ಕೊರಳಪಟ್ಟಿಗೆ ಕೈ ಹಾಕಿದರು.

ಬಾಲರಾಜ ಎರಡು ಸಲ ಇಲ್ಲ ಅಂದ, ಮೂರನೆಯ ಸಲ ಒಪ್ಪಿಕೊಂಡ. "ಮಗಳ ನಿಶ್ಚಯಕ್ಕ ಕಡಿಸೀನ್ರಿ. ಬದಲಿ ತಂದು ಕಟ್ಟೀನಲ್ಲ? ಲೆಕ್ಕಕ್ಕ ಹತ್ತು ಅದಾವಲ್ಲ!" ಅವನ ದನಿಯಲ್ಲಿ ನಾಚಿಕೆಯ ಎಳೆಯೂ ಇರಲಿಲ್ಲ. ಜಪ್ತಿಯ ಟಗರನ್ನು ಕೊಯ್ದು ತಿಂದು, ಆ ತಪ್ಪನ್ನು ತಾಯಿ-ಮಗನ ಕೊರಳಿಗೆ ಕಟ್ಟಿದ ಆ ಮನುಷ್ಯನ ಕೆಂಪು ಬಾಯಿ ನೋಡಲಾರದೆ ನಾನು ಆಚೆ ತಿರುಗಿ ನಿಂತೆ.

ಅವನನ್ನು ಜೀಪು ಹತ್ತಿಸಿದರು. ಮಲ್ಲುವಿನ ಹೆಸರು ಹೊಡೆದುಹಾಕಿ ಭೀಮರಾಯರು ಅಲ್ಲೇ ಕೂತು ವರದಿ ಬರೆದರು. ಆಮೇಲೆ ನಕಲಿ ಟಗರಿನತ್ತ ಬೆರಳು ತೋರಿಸಿದರು.

"ಇದು ಈಗ ಹೊಸ ಕೇಸಿನ ಮುದ್ದೆಮಾಲು. ಠಾಣೆಯಾಗ ಕಟ್ಟಾಕ ಜಾಗ ಇಲ್ಲ. ಅವ್ವಾ, ಕೋರ್ಟಿನಿಂದ ನಿನಗ ಕೊಡಸ್ತೀನಿ, ಅರ್ಜಿಗೆ ಹೆಬ್ಬಟ್ಟು ಒತ್ತು."

ಪೇದೆ ಮಸಿಯ ಡಬ್ಬಿ ತೆರೆದು ಅವಳ ಮುಂದೆ ಹಿಡಿದ. ಗುರುಲಿಂಗಮ್ಮ ಹೆಬ್ಬೆರಳನ್ನು ಮುಷ್ಟಿಯೊಳಗೆ ಮಡಚಿ, ಮುಷ್ಟಿಯನ್ನು ಸೆರಗಿನೊಳಗೆ ಸೇರಿಸಿದಳು.

"ಬ್ಯಾಡ್ರಿ ಯಪ್ಪಾ," ಎಂದಳು. "ವಾಪಸ್ ಕೊಡ್ತೀವಿ ಅಂತೀರಿ, ಅದರ ಬೆನ್ನಿಗೆ ಏನು ಬರ್ತದಂತ ಈಗ ಗೊತ್ತಾತು."

ಒಂಬತ್ತನ್ನು ಅಟ್ಟಿಕೊಂಡು ಅವಳು ಹೊಲದ ಕಡೆ ನಡೆದಳು. ಪೇದೆ ತೆರೆದ ಡಬ್ಬಿ ಹಿಡಿದು ಅಲ್ಲೇ ನಿಂತಿದ್ದ.